ಟಿಕೆಟ್ ಬುಕ್ ಮಾಡುವ ಮೊದಲು ಕಾರ್ಡಿನ ತಾರೀಖು ನೋಡು ತಂಗಿ

ನೀನು ಅರಸೀಕೆರೆಯವಳು, ನಾನು ಆಲೂರಿನವಳು. ಒಂದೇ ಜಿಲ್ಲೆ. ವಯಸ್ಸಿನಲ್ಲಿ ನನ್ನ ಕೊನೆಯ ತಂಗಿಗಿಂತ ಚಿಕ್ಕವಳು, ಅದಕ್ಕೇ ನೀನು ಅಂತಲೇ ಬರೆಯುತ್ತಿದ್ದೇನೆ. ಬೇಜಾರು ಮಾಡ್ಕೋಬೇಡ.

ನೀನು ಕೇಳಿದ್ದು ಇಷ್ಟು. ಮದುವೆಯಾಗಿ ಟಕೋಮಾಗೆ ಬಂದು ಎಂಟು ತಿಂಗಳಾಯಿತು. ಯಜಮಾನರು ಅಮೆರಿಕದ ಸೇನೆಯಲ್ಲಿದ್ದಾರೆ. ನಿನಗೆ ಕೊಟ್ಟಿರುವ ಮಿಲಿಟರಿ ಐಡಿ ಕಾರ್ಡಿನ ಅವಧಿ ನವೆಂಬರ್‌ಗೆ ಮುಗಿಯುತ್ತದೆ. ಅವರು ಸೆಪ್ಟೆಂಬರ್‌ನಲ್ಲಿ ಒಂಬತ್ತು ತಿಂಗಳ ಹೊರದೇಶದ ಡ್ಯೂಟಿಗೆ ಹೊರಡುತ್ತಾರೆ. ನೀನು ಹಾಸನಾಂಬೆಯ ಬಾಗಿಲು ತೆಗೆಯುವ ಹೊತ್ತಿಗೆ ಊರಿಗೆ ಹೋಗಿ, ತಮ್ಮನ ಮದುವೆ ಮುಗಿಸಿಕೊಂಡು ಡಿಸೆಂಬರ್‌ನಲ್ಲಿ ವಾಪಸ್ ಬರಬೇಕು ಅಂತಿದ್ದೀಯ. ಕಾರ್ಡ್ ಮುಗಿದರೆ ವಾಪಸ್ ಬಿಡುತ್ತಾರಾ? ಊರಿನಿಂದಲೇ ರಿನ್ಯೂ ಮಾಡಿಸಬಹುದಾ? ಕಾರ್ಡಿನ ಮೇಲೆ ಹೆಸರಿನ ಜಾಗದಲ್ಲಿ ಬಂದಿರುವ ಎಫ್‌ಎನ್‌ಯು (ಫಸ್ಟ್ ನೇಮ್ ಅನ್‌ನೋನ್) ಅನ್ನುವುದು ಹೋಗುತ್ತದಾ?

ಮೊದಲು ನಿನ್ನ ಹೆದರಿಕೆ ಬಿಡಿಸುತ್ತೇನೆ. ಆ ಕಾರ್ಡ್ ನಿನ್ನ ವೀಸಾ ಅಲ್ಲ, ಗ್ರೀನ್ ಕಾರ್ಡೂ ಅಲ್ಲ. ಅದರ ತಾರೀಖು ಮುಗಿದರೆ ದೇಶದೊಳಗೆ ಬರಲು ತೊಂದರೆ ಇಲ್ಲ. ಸಿಯಾಟಲ್‌ನಲ್ಲಿ ಇಳಿದಾಗ ಇಮಿಗ್ರೇಷನ್‌ನವರು ನೋಡುವುದು ಪಾಸ್‌ಪೋರ್ಟ್ ಮತ್ತು ಗ್ರೀನ್ ಕಾರ್ಡ್. ತೊಂದರೆ ಶುರುವಾಗುವುದು ಆಮೇಲೆ, ಬೇಸಿನ, ಅಂದರೆ ಸೇನಾ ನೆಲೆಯ, ಗೇಟಿನಲ್ಲಿ. ಅದನ್ನು ನಾನು ಅನುಭವಿಸಿದ್ದೇನೆ.

ನನ್ನ ಗಂಡ ಮೂಡಿಗೆರೆಯವರು. ಓದಲು ಬಂದವರು. 2009ರಲ್ಲಿ ಮಾವ್ನಿ ಅಂತ ಒಂದು ಯೋಜನೆ ಶುರುವಾಗಿತ್ತು. ಗ್ರೀನ್ ಕಾರ್ಡ್ ಇಲ್ಲದವರನ್ನೂ ಭಾಷೆ ಅಥವಾ ವೈದ್ಯಕೀಯ ತಿಳಿವಳಿಕೆ ಇದ್ದರೆ ಸೇನೆಗೆ ತೆಗೆದುಕೊಳ್ಳುತ್ತಿದ್ದರು. 2016ರಲ್ಲಿ ಅದನ್ನು ನಿಲ್ಲಿಸಿದರು. ಇವರು ಆ ದಾರಿಯಲ್ಲಿ ಸೇರಿದವರು. ನಾನು ಬಂದಿದ್ದು 2011ರಲ್ಲಿ. 2015ರ ಜನವರಿಯಲ್ಲಿ ಅಮ್ಮ ಕಾಫಿ ಕಣದಲ್ಲಿ ಜಾರಿ ಬಿದ್ದು ಸೊಂಟದ ಮೂಳೆ ಮುರಿದುಕೊಂಡರು. ಹಾಸನದಲ್ಲಿ ಆಪರೇಷನ್. ಇವರು ಆಗ ಡ್ಯೂಟಿ ಮೇಲೆ ಹೊರದೇಶದಲ್ಲಿದ್ದರು. ಮೂರು ವರ್ಷದ ಮಗನನ್ನು ಎತ್ತಿಕೊಂಡು ಓಡಿದೆ. ಎರಡು ತಿಂಗಳು ಆಸ್ಪತ್ರೆ, ಮನೆ ಅಂತ ಕಳೆದುಹೋಯಿತು. ಕಾರ್ಡಿನ ನೆನಪೇ ಬರಲಿಲ್ಲ.

ವಾಪಸ್ ಬಂದ ಮೂರನೇ ದಿನ ಮಗನಿಗೆ ಜ್ವರ. ಬೇಸಿನ ಒಳಗಿನ ಆಸ್ಪತ್ರೆಗೆ ಹೊರಟೆ. ಸಣ್ಣಗೆ ಮಳೆ. ಗೇಟಿನಲ್ಲಿ ಕಾವಲಿನ ಹುಡುಗ ಕಾರ್ಡ್ ಇಸಿದುಕೊಂಡ. ಆಗಿನ ಕಾರ್ಡು ಕಂದು ಬಣ್ಣದ್ದು, ಲ್ಯಾಮಿನೇಷನ್ ಮಾಡಿದ್ದು. ಒದ್ದೆ ಗ್ಲೌಸಿನ ಹೆಬ್ಬೆರಳಿನಿಂದ ತಾರೀಖಿನ ಮೇಲಿನ ಹನಿ ಒರೆಸಿದ. ಇನ್ನೊಮ್ಮೆ ಒರೆಸಿದ. ಆಮೇಲೆ "ಮ್ಯಾಮ್, ಇದರ ಅವಧಿ ಮುಗಿದಿದೆ" ಅಂದು ಕಾರ್ಡನ್ನು ತಾನೇ ಇಟ್ಟುಕೊಂಡ. ಹಿಂದಿನ ಸೀಟಿನಲ್ಲಿ ಮಗ ಕಿಟಕಿಗೆ ಹಣೆ ಒತ್ತಿಕೊಂಡು ಕೂತಿದ್ದ. ಹಣೆ ಇದ್ದ ಕಡೆ ಗಾಜು ಮಂಜುಮಂಜಾಗಿತ್ತು. ಆ ಗುರುತು ನನಗೆ ಇವತ್ತಿಗೂ ಕಣ್ಣಿಗೆ ಕಟ್ಟಿದ ಹಾಗಿದೆ.

ಪಕ್ಕದ ಮನೆಯವಳು ಬಂದು ಅವಳ ಜವಾಬ್ದಾರಿ ಮೇಲೆ ನಮ್ಮನ್ನು ಒಳಗೆ ಕರೆದುಕೊಂಡು ಹೋದಳು. ಮಗನಿಗೆ ಔಷಧಿ ಸಿಕ್ಕಿತು. ಆದರೆ ಹೊಸ ಕಾರ್ಡ್ ಮಾಡಿಸಲು ಹೋದರೆ ಗಂಡನ ಸಹಿ ಬೇಕು ಅಂದರು. ಅವರಿದ್ದ ಜಾಗಕ್ಕೂ ಇಲ್ಲಿಗೂ ಹಗಲು ರಾತ್ರಿ ಅದಲು ಬದಲು. ಪವರ್ ಆಫ್ ಅಟಾರ್ನಿ ಮಾಡಿಸಿಟ್ಟಿರಲಿಲ್ಲ. ಅಲ್ಲಿ ಅವರು ಫಾರಂ ಬರೆದು, ನೋಟರಿ ಮಾಡಿಸಿ, ಕಳಿಸಿ, ನನ್ನ ಕೈಗೆ ಕಾರ್ಡ್ ಬರುವಷ್ಟರಲ್ಲಿ ಹನ್ನೊಂದು ದಿನ. ಇವರು ಹೊರಡುವ ಮೊದಲು ಅರ್ಧ ಗಂಟೆ ಕೂತು ಒಂದು ಸಹಿ ಹಾಕಿದ್ದರೆ ಆ ಹನ್ನೊಂದು ದಿನ ಇರುತ್ತಲೇ ಇರಲಿಲ್ಲ. ನಿನಗೆ ಇಷ್ಟು ಉದ್ದ ಬರೆಯುತ್ತಿರುವುದು ಆ ಒಂದು ಸಹಿಗಾಗಿ.

ಈ ಕಾರ್ಡ್ ಹೇಗೆ ಕೆಲಸ ಮಾಡುತ್ತದೆ ಅಂತ ತಿಳಿದರೆ ಉಳಿದದ್ದೆಲ್ಲ ಸುಲಭ. ನಮ್ಮಪ್ಪ ಹವಾಲ್ದಾರ್ ಆಗಿ ರಿಟೈರ್ ಆದವರು. ಮದುವೆಯಾದಾಗ, ನಾವು ಹುಟ್ಟಿದಾಗ, ಅದನ್ನು ಪಾರ್ಟ್ ಟೂ ಆರ್ಡರ್ ಅನ್ನುವ ಸೇನೆಯ ದಾಖಲೆಯಲ್ಲಿ ಬರೆಸಿದ್ದರು. ಅದರಲ್ಲಿ ಹೆಸರು ತಪ್ಪಾದರೆ ಮುಂದೆ ಪೆನ್ಷನ್‌ಗೂ ತಾಪತ್ರಯ ಅಂತ ಊರಿನ ಮಾಜಿ ಸೈನಿಕರ ಮನೆಗಳಲ್ಲಿ ಎಲ್ಲರಿಗೂ ಗೊತ್ತು. ಇಲ್ಲಿ ಅದೇ ಜಾಗದಲ್ಲಿ ಡೀರ್ಸ್ ಇದೆ. ಅಮೆರಿಕದ ರಕ್ಷಣಾ ಇಲಾಖೆಯ ದೊಡ್ಡ ದಾಖಲೆ ಪುಸ್ತಕ ಅಂತ ತಿಳಿದುಕೋ. ಅದರಲ್ಲಿ ಏನಿದೆಯೋ ಅದೇ ಕಾರ್ಡಿನ ಮೇಲೆ ಅಚ್ಚಾಗುತ್ತದೆ. ಟ್ರೈಕೇರ್ ಅನ್ನುವ ಸೇನೆಯ ಆರೋಗ್ಯ ವಿಮೆಯವರೂ ಅದನ್ನೇ ನೋಡುವುದು. ಆ ದಾಖಲೆಗೆ ಯಜಮಾನರು ಸ್ಪಾನ್ಸರ್. ನೀನು ಅವರ ಹೆಸರಿನ ಕೆಳಗೆ ಇರುವವಳು. ಹಾಗಾಗಿಯೇ ಅವರ ಸಹಿ ಕೇಳುವುದು.

ಕಾರ್ಡಿನ ಅವಧಿ ಇಷ್ಟು ಬೇಗ ಮುಗಿಯುವ ಹಾಗಾಗಿದ್ದು ಯಾಕೆ ಅಂತ ಕೇಳಿದ್ದೀಯ. ಹೆಂಡತಿಗೆ ಸಾಮಾನ್ಯವಾಗಿ ನಾಲ್ಕು ವರ್ಷದವರೆಗೆ ಕೊಡುತ್ತಾರೆ. ಆದರೆ ಗಂಡನ ಸೇವೆಯ ಒಪ್ಪಂದ ಅದಕ್ಕಿಂತ ಮೊದಲೇ ಮುಗಿಯುವುದಾದರೆ ಆ ತಾರೀಖಿನವರೆಗೆ ಮಾತ್ರ. ನಿನ್ನ ಯಜಮಾನರ ಹಳೆಯ ಒಪ್ಪಂದ ನವೆಂಬರ್‌ವರೆಗೆ ಇದ್ದಿರಬೇಕು. ಈಗ ಅವರು ಇನ್ನೂ ನಾಲ್ಕು ವರ್ಷಕ್ಕೆ ರೀ-ಎನ್‌ಲಿಸ್ಟ್ ಮಾಡಿದ್ದಾರೆ, ಅಂದರೆ ಸೇವೆಯ ಒಪ್ಪಂದ ಮುಂದುವರಿಸಿದ್ದಾರೆ ಅಂದಿದ್ದೀಯ, ಒಳ್ಳೆಯದು. ಆದರೆ ಆ ಹೊಸ ತಾರೀಖು ಡೀರ್ಸ್‌ಗೆ ಬಂದು ಸೇರಿದೆಯಾ ಅಂತ ಮೊದಲು ಅವರ ಕೈಲಿ ನೋಡಿಸು. ಸೇರದೆ ಇದ್ದರೆ ನೀನು ಹೋಗಿ ಕ್ಯೂನಲ್ಲಿ ಕೂತು ಎದ್ದು ಬಂದರೂ ಹೊಸ ಕಾರ್ಡಿನಲ್ಲಿ ಮತ್ತೆ ಅದೇ ನವೆಂಬರ್ ಬರುತ್ತದೆ. ಇದನ್ನು ಯಾರೂ ಮುಂಚೆ ಹೇಳುವುದಿಲ್ಲ. ನನಗೆ ಗೊತ್ತಿರುವ ಇಬ್ಬರು ಹೆಣ್ಣುಮಕ್ಕಳಿಗೆ ಹೀಗೇ ಆಗಿದೆ.

ಇನ್ನು ದಿನ ನೋಡೋಣ. ಅವಧಿ ಮುಗಿಯುವುದಕ್ಕೆ 90 ದಿನ ಇರುವಾಗಲೇ ರಿನ್ಯೂ ಮಾಡಿಸಬಹುದು. ನವೆಂಬರ್ ಅಂದರೆ ಆಗಸ್ಟ್. ಸೆಪ್ಟೆಂಬರ್‌ಗೆ ಅವರು ಹೊರಡುವುದು. ಸರಿಯಾಗಿ ಕೂಡಿ ಬಂದಿದೆ ಅಲ್ವಾ! ಆಗಸ್ಟ್‌ನಲ್ಲಿ ಇಬ್ಬರೂ ಒಟ್ಟಿಗೆ ಹೋಗಿ. ಐಡಿ ಕಾರ್ಡ್ ಆಫೀಸ್ ಆನ್‌ಲೈನ್ ಅನ್ನುವ ಸರ್ಕಾರಿ ತಾಣದಲ್ಲಿ ಅಪಾಯಿಂಟ್‌ಮೆಂಟ್ ಸಿಗುತ್ತದೆ. ಹೊರಡುವ ತುಕಡಿ ಇದ್ದರೆ ಎಲ್ಲರೂ ಅದೇ ತಿಂಗಳಲ್ಲಿ ಮುಗಿಬೀಳುತ್ತಾರೆ, ಅದಕ್ಕೇ ಈಗಲೇ ಹಿಡಿ. ಆರ್ಮಿಯವರು ಆರ್ಮಿ ಆಫೀಸಿಗೇ ಹೋಗಬೇಕು ಅಂತಿಲ್ಲ. ಏರ್‌ಫೋರ್ಸ್, ನೇವಿ, ನ್ಯಾಷನಲ್ ಗಾರ್ಡ್, ಯಾವ ಆಫೀಸಿನಲ್ಲಿ ಬೇಗ ಸಿಕ್ಕರೂ ಆಯಿತು. ದುಡ್ಡು ಕೊಡಬೇಕಾಗಿಲ್ಲ.

ಫಾರಂ ಒಂದೇ, ಡಿಡಿ 1172-2. ಯಜಮಾನರು ಎದುರಿಗೆ ಇದ್ದರೆ ಅಲ್ಲೇ ಸಹಿ ಹಾಕುತ್ತಾರೆ. ಅವರಿಗೆ ಡ್ಯೂಟಿ ಬಿದ್ದು ಬರಲಾಗದಿದ್ದರೆ ತಮ್ಮ ಕ್ಯಾಕ್ ಕಾರ್ಡ್, ಅದೇ ಚಿಪ್ ಇರುವ ಅವರ ಕಾರ್ಡ್, ಕಂಪ್ಯೂಟರಿಗೆ ಹಾಕಿ ಅದೇ ತಾಣದಲ್ಲಿ ಸಹಿ ಮಾಡಬಹುದು. ನನ್ನ ಕಾಲದ ಹನ್ನೊಂದು ದಿನದ ಕಷ್ಟ ಈಗ ಅಷ್ಟಿಲ್ಲ. ನೀನು ಎರಡು ಗುರುತಿನ ದಾಖಲೆ ಒಯ್ಯಬೇಕು, ಎರಡೂ ಅಸಲಿ, ಅವಧಿ ಮುಗಿಯದೆ ಇರುವುದು, ಒಂದರಲ್ಲಾದರೂ ಫೋಟೋ ಇರಬೇಕು. ಪಾಸ್‌ಪೋರ್ಟ್, ಗ್ರೀನ್ ಕಾರ್ಡ್ ಸಾಕು. ಜೆರಾಕ್ಸ್, ಫೋನಿನಲ್ಲಿ ತೆಗೆದ ಫೋಟೋ ನಡೆಯುವುದಿಲ್ಲ. ಮೊದಲ ಕಾರ್ಡ್ ಮಾಡಿಸುವಾಗ ನಿನಗೆ ಸೋಷಿಯಲ್ ಸೆಕ್ಯುರಿಟಿ ನಂಬರ್ ಬಂದಿರಲಿಲ್ಲ ಅಂದಿದ್ದೀಯ. ಆ ಕಾರ್ಡೂ ಒಯ್ದು ಡೀರ್ಸ್‌ನಲ್ಲಿ ಸೇರಿಸಿಸು. ಹಳೆಯ ಐಡಿ ಅವರಿಗೆ ವಾಪಸ್ ಕೊಡಬೇಕಾಗುತ್ತದೆ.

2023ರಿಂದ ಆನ್‌ಲೈನ್‌ನಲ್ಲೇ ರಿನ್ಯೂ ಮಾಡಿ ಅಂಚೆಯಲ್ಲಿ ತರಿಸಿಕೊಳ್ಳುವ ಏರ್ಪಾಡೂ ಬಂದಿದೆ. ಡೀರ್ಸ್‌ನಲ್ಲಿ ಫೋಟೋ, ಇಮೇಲ್ ಸರಿಯಾಗಿದ್ದರೆ ಯಜಮಾನರು ಅರ್ಜಿ ಹಾಕಬಹುದು. ಅನುಕೂಲವೇ. ಆದರೆ ಅರಸೀಕೆರೆಯ ವಿಳಾಸಕ್ಕೆ ಬರುತ್ತದೆ ಅಂತ ನಂಬಿ ಹೊರಡಬೇಡ. ನಿನಗೆ ಸೋಷಿಯಲ್ ಸೆಕ್ಯುರಿಟಿ ನಂಬರ್ ಬೇರೆ ಸೇರಿಸಬೇಕು. ಈ ಸಲ ನೇರವಾಗಿ ಹೋಗುವುದೇ ವಾಸಿ.

ಅದೇ ವಾರ ಬೇಸಿನ ಲೀಗಲ್ ಆಫೀಸಿಗೂ ಹೋಗಿ ಪವರ್ ಆಫ್ ಅಟಾರ್ನಿ ಮಾಡಿಸಿ. ಅದಕ್ಕೂ ದುಡ್ಡಿಲ್ಲ. ಐಡಿ ಕಾರ್ಡ್, ಡೀರ್ಸ್ ಕೆಲಸ ನೀನು ಅವರ ಪರವಾಗಿ ಮಾಡಬಹುದು ಅಂತ ಅದರಲ್ಲಿ ಸ್ಪಷ್ಟವಾಗಿ ಬರೆಸು. ಒಂಬತ್ತು ತಿಂಗಳಲ್ಲಿ ಕಾರ್ಡ್ ಕಳೆದರೆ, ಮನೆ ಬಾಡಿಗೆ ಕರಾರು ಬದಲಾಯಿಸಬೇಕಾದರೆ, ದೇವರು ದೊಡ್ಡವನು, ಮಗುವಿನ ಹೆಸರು ಸೇರಿಸಬೇಕಾದರೆ, ಎಲ್ಲಕ್ಕೂ ಬೇಕು. ಅಸಲನ್ನು ಸೂಟ್‌ಕೇಸಿಗೆ ಹಾಕಬೇಡ, ಕೈಚೀಲದಲ್ಲಿ ಇಟ್ಟುಕೋ.

ಈಗ ಎಫ್‌ಎನ್‌ಯು. ಅದನ್ನು ನೋಡಿ ಅಳು ಬಂತು ಅಂತ ಬರೆದಿದ್ದೀಯ. ನನಗೆ ಅರ್ಥವಾಗುತ್ತದೆ. ಅಪ್ಪ ಅಮ್ಮ ನಾಮಕರಣ ಮಾಡಿ ಕಿವಿಯಲ್ಲಿ ಹೇಳಿದ ಹೆಸರು ಇರುವಾಗ, 'ಮೊದಲ ಹೆಸರು ಗೊತ್ತಿಲ್ಲ' ಅಂತ ಅಚ್ಚು ಹಾಕಿದರೆ ಯಾರಿಗೆ ತಾನೇ ನೋವಾಗುವುದಿಲ್ಲ? ಇದು ನಮ್ಮ ಕಡೆಯ ಎಷ್ಟೋ ಜನರಿಗೆ ಆಗಿದೆ. ನಮ್ಮಲ್ಲಿ ಹೆಸರಿನ ಜೊತೆ ಇರುವುದು ಇನಿಷಿಯಲ್. ಒಂದು ಅಕ್ಷರ ಊರು, ಒಂದು ಅಕ್ಷರ ಅಪ್ಪ. ಮನೆತನದ ಹೆಸರು ಅಂತ ಬೇರೆ ಇಟ್ಟುಕೊಳ್ಳುವವರು ಕಮ್ಮಿ. ಪಾಸ್‌ಪೋರ್ಟ್ ಮಾಡಿಸುವಾಗ ಸರ್‌ನೇಮ್ ಜಾಗ ಖಾಲಿ ಬಿಡುತ್ತೇವೆ. ಅಮೆರಿಕದ ವೀಸಾದಲ್ಲಿ ಆ ಜಾಗ ಖಾಲಿ ಇರುವ ಹಾಗಿಲ್ಲ. ಅದಕ್ಕೆ ನಮ್ಮ ಇರುವ ಹೆಸರನ್ನೇ ಅಲ್ಲಿ ತುಂಬಿ, ಮೊದಲ ಹೆಸರಿನ ಜಾಗದಲ್ಲಿ ಎಫ್‌ಎನ್‌ಯು ಹಾಕುತ್ತಾರೆ. ವೀಸಾದಿಂದ ಗ್ರೀನ್ ಕಾರ್ಡಿಗೆ, ಅಲ್ಲಿಂದ ಡೀರ್ಸ್‌ಗೆ ಅದೇ ಹರಿದು ಬರುತ್ತದೆ.

ಹೋಗುತ್ತದೆ, ಖಂಡಿತ ಹೋಗುತ್ತದೆ. ಆದರೆ ಐಡಿ ಆಫೀಸಿನವರ ಹತ್ತಿರ ಕೇಳಿದರೆ ಆಗುವುದಿಲ್ಲ. ಅವರು ನಿನ್ನ ದಾಖಲೆಯಲ್ಲಿ ಇರುವುದನ್ನು ಮಾತ್ರ ಹಾಕಬಲ್ಲರು. ಬುಡದಿಂದ ಬರಬೇಕು. ಮೊದಲು ಪಾಸ್‌ಪೋರ್ಟಿನಲ್ಲಿ ಹೆಸರನ್ನು ಎರಡು ಭಾಗ ಮಾಡಿಸಬೇಕು, ಆಮೇಲೆ ಗ್ರೀನ್ ಕಾರ್ಡ್, ಆಮೇಲೆ ಸೋಷಿಯಲ್ ಸೆಕ್ಯುರಿಟಿ, ಕೊನೆಗೆ ಡೀರ್ಸ್. ಊರಿಗೆ ಹೋದಾಗ ಹಾಸನದಲ್ಲೇ ಪಾಸ್‌ಪೋರ್ಟ್ ತಿದ್ದಿಸಿಕೊಂಡು ಬರಲಾ ಅಂತ ಕೇಳಿದ್ದೀಯ. ಬೇಡ. ಒಂದು ಹೆಸರಿನ ಪಾಸ್‌ಪೋರ್ಟ್, ಇನ್ನೊಂದು ಹೆಸರಿನ ಗ್ರೀನ್ ಕಾರ್ಡ್ ಹಿಡಿದುಕೊಂಡು ಒಬ್ಬಳೇ ವಿಮಾನ ಹತ್ತಬೇಡ. ಸಿಯಾಟಲ್‌ನಲ್ಲೇ 2023ರಿಂದ ಭಾರತದ ಕಾನ್ಸುಲೇಟ್ ಇದೆ. ವಾಪಸ್ ಬಂದ ಮೇಲೆ ನಿಧಾನವಾಗಿ ಶುರು ಮಾಡು. ಈ ಸಲದ ಕಾರ್ಡಿನಲ್ಲಿ ಎಫ್‌ಎನ್‌ಯು ಇರುತ್ತದೆ, ಸಹಿಸಿಕೋ.

ಊರಿನಲ್ಲಿ ಮಾಡಬೇಕಾದ ಕೆಲಸ ಬೇರೆ ಇದೆ. ಮದುವೆ ನೋಂದಣಿ ಮಾಡಿಸಿದ ಸಬ್ ರಿಜಿಸ್ಟ್ರಾರ್ ಆಫೀಸಿನಿಂದ ಮ್ಯಾರೇಜ್ ಸರ್ಟಿಫಿಕೇಟಿನ ಇನ್ನೆರಡು ದೃಢೀಕೃತ ಪ್ರತಿ ತೆಗೆಸು. ನಿನ್ನ ಜನನ ಪ್ರಮಾಣಪತ್ರ ಕನ್ನಡದಲ್ಲಿ ಮಾತ್ರ ಇದ್ದರೆ ಇಂಗ್ಲಿಷ್ ಅನುವಾದ ಮಾಡಿಸಿ, ಅನುವಾದ ಮಾಡಿದವರ ಸಹಿ ಸಮೇತ ತೆಗೆದುಕೊಂಡು ಬಾ. ಊರಿನಲ್ಲಿ ಹುಷಾರು ತಪ್ಪಿ ತುರ್ತಾಗಿ ಆಸ್ಪತ್ರೆಗೆ ಹೋಗಬೇಕಾಗಿ ಬಂದರೆ ದುಡ್ಡು ನಾವೇ ಕಟ್ಟಿ, ಆಮೇಲೆ ಟ್ರೈಕೇರ್‌ಗೆ ಕ್ಲೇಮ್ ಹಾಕುವುದು. ಯಾವುದಕ್ಕೆ ಎಷ್ಟು ಅಂತ ಬಿಡಿಬಿಡಿಯಾಗಿ ಬರೆದ ಬಿಲ್, ದುಡ್ಡು ಕಟ್ಟಿದ ರಸೀದಿ, ಎರಡೂ ಕೇಳಿ ತೆಗೆದುಕೋ. ಔಷಧಿ ಅಂಗಡಿಯವರ ಚೀಟಿ ಸಾಲುವುದಿಲ್ಲ.

ಇನ್ನೊಂದು ಮಾತು, ತಪ್ಪು ತಿಳಿಯಬೇಡ. ಹೊಸ ಕಾರ್ಡ್ ಬಂದ ಖುಷಿಗೆ ಮನೆಯವರ ವಾಟ್ಸಾಪ್ ಗುಂಪಿಗೆ ಫೋಟೋ ಹಾಕಬೇಡ. ಅದರ ಫೋಟೋ ತೆಗೆಯುವುದು, ನಕಲು ಮಾಡುವುದು ಇಲ್ಲಿನ ಕಾನೂನಿನ ಪ್ರಕಾರ ಅಪರಾಧ. ಆಸ್ಪತ್ರೆಯವರು ಚಿಕಿತ್ಸೆಗಾಗಿ ಪ್ರತಿ ತೆಗೆದುಕೊಂಡರೆ ಪರವಾಗಿಲ್ಲ. ಅಂಗಡಿಯವರು, ಬಾಡಿಗೆ ಮನೆಯವರು ಕೇಳಿದರೆ ಡ್ರೈವಿಂಗ್ ಲೈಸೆನ್ಸ್ ಕೊಡು.

ಕಾರ್ಡ್ ಇದ್ದೂ ಕಮಿಸರಿಗೆ, ಅದೇ ಬೇಸಿನ ದಿನಸಿ ಅಂಗಡಿಗೆ, ಒಂದೇ ಸಲ ಹೋಗಿದ್ದೀಯ, ಒಳಗೆ ಹೋಗಲು ಮುಜುಗರ ಅಂದಿದ್ದೀಯ. ಹೋಗು. ಅದು ನಿನ್ನ ಹಕ್ಕು. ಮಾರಾಟ ತೆರಿಗೆ ಇಲ್ಲ, ನೂರಕ್ಕೆ ಐದರಷ್ಟು ಸರ್‌ಚಾರ್ಜ್ ಮಾತ್ರ. ಹಾಲು, ತರಕಾರಿ, ಕೋಳಿ ಹೊರಗಿಗಿಂತ ಕಮ್ಮಿಗೆ ಸಿಗುತ್ತದೆ. ರಾಗಿ ಹಿಟ್ಟಿಗೆ ನಮ್ಮ ಇಂಡಿಯನ್ ಅಂಗಡಿಯೇ ಗತಿ. ಸಾಮಾನು ಚೀಲಕ್ಕೆ ತುಂಬಿ ಕಾರಿನವರೆಗೆ ತಂದುಕೊಡುವವರಿಗೆ ಅಲ್ಲಿ ಸಂಬಳ ಇಲ್ಲ, ಟಿಪ್ಸ್ ಮೇಲೇ ಬದುಕುವವರು. ಒಂದೆರಡು ಡಾಲರ್ ಚಿಲ್ಲರೆ ಇಟ್ಟುಕೊಂಡಿರು. ನನಗೆ ಇದು ಗೊತ್ತಾಗಿದ್ದು ಒಂದು ವರ್ಷ ಕಳೆದ ಮೇಲೆ, ಈಗಲೂ ಸಂಕಟವಾಗುತ್ತದೆ.

ಗ್ರೀನ್ ಕಾರ್ಡಿನ ತಾರೀಖು ಬೇರೆ, ಇದರ ತಾರೀಖು ಬೇರೆ, ಗಂಟು ಹಾಕಬೇಡ. ನಿನ್ನದು ಎರಡು ವರ್ಷದ ಗ್ರೀನ್ ಕಾರ್ಡ್ ಆಗಿದ್ದರೆ ಅದು ಮುಗಿಯುವ ಮೊದಲಿನ 90 ದಿನದೊಳಗೆ ಇನ್ನೊಂದು ಅರ್ಜಿ ಇದೆ. ಅದಕ್ಕೆ ಇನ್ನೂ ಸಮಯವಿದೆ, ಆಗ ಬರೆಯುತ್ತೇನೆ. ಮನೆಯ ಕ್ಯಾಲೆಂಡರಿನಲ್ಲಿ ಎರಡಕ್ಕೂ ಈಗಲೇ ಗುರುತು ಹಾಕು. ನಾನು ಅಡುಗೆಮನೆ ಗೋಡೆಯ ಪಂಚಾಂಗದ ಕ್ಯಾಲೆಂಡರಿನಲ್ಲೇ ಕೆಂಪು ಪೆನ್ನಿನಲ್ಲಿ ಬರೆದಿಡುತ್ತೇನೆ. ಏಕಾದಶಿ ನೋಡಲು ಹೋದಾಗ ಅದೂ ಕಣ್ಣಿಗೆ ಬೀಳುತ್ತದೆ.

ಇವತ್ತು ಸಂಜೆ ಯಜಮಾನರು ಬಂದ ತಕ್ಷಣ ಡೀರ್ಸ್‌ನಲ್ಲಿ ಒಪ್ಪಂದದ ಹೊಸ ತಾರೀಖು ಇದೆಯಾ ಅಂತ ಕೇಳು. ಟಿಕೆಟ್ ಆಮೇಲೆ. ಆಗಸ್ಟ್‌ನಲ್ಲಿ ಇಬ್ಬರೂ ಹೋಗಿ ಬಂದ ದಿನ, ಹೊಸ ಕಾರ್ಡ್ ಯಾವ ವರ್ಷದವರೆಗೆ ಬಂತು ಅಂತ ನನಗೆ ಒಂದು ಸಾಲು ಬರೆ. ಫೋಟೋ ಬೇಡ, ವರ್ಷ ಹೇಳಿದರೆ ಸಾಕು.