ಬಿಸಿಲು ಜಾಸ್ತಿ ಆದ್ರೆ ಊಟ ಜಾಸ್ತಿ ಅಂತ ಯಾರು ಹೇಳಿದ್ದು ಮಾರಾಯ್ರೇ?

ಓದುಗರ ಪತ್ರ: "ಸಂಪಾದಕರೇ, ಹೋದ ಸಂಚಿಕೇಲಿ ಕಾಫಿ ತೋಟದ ನೆರಳಿನ ಮರ ಕಡೀಬೇಡಿ ಅಂತ ಎರಡು ಪುಟ ಬರೆದಿದ್ರಿ. ಸೆಂಟಿಮೆಂಟ್ ಬಿಟ್ಟು ಸೈನ್ಸ್ ಮಾತಾಡಿ. ಗಿಡ ಅಡುಗೆ ಮಾಡ್ಕೊಳ್ಳೋದೇ ಬೆಳಕಲ್ಲಿ, ಸ್ಕೂಲಲ್ಲೇ ಓದಿದ್ದೀವಿ. ಬ್ರೆಜಿಲ್‌ನವ್ರು ಬಯಲಲ್ಲೇ ಕಾಫಿ ಬೆಳೀತಾರೆ, ನಮ್ಮಜ್ಜಿ ಊರಿನ ರಾಗಿ ಹೊಲಕ್ಕೂ ಯಾರೂ ನೆರಳು ಮಾಡಲ್ಲ. ಗಾಳೀಲಿ ಕಾರ್ಬನ್ ಡೈಆಕ್ಸೈಡ್ ಬೇರೆ ಏರ್ತಿದೆ, ಗಿಡಕ್ಕೆ ಒಳ್ಳೇದೇ ಅಲ್ವಾ? ಹೋದ ವರ್ಷ ಅರ್ಧ ತೋಟದ ಮರ ತೆಗೆಸ್ದೆ, ಈ ಸಲ ಗಿಡದ ರೆಕ್ಕೆ (ಅಡ್ಡ ಕೊಂಬೆ) ಕಾಣದಷ್ಟು ಹೂವು. ಉಳಿದರ್ಧಾನೂ ತೆಗೆಸ್ಲಾ?" — ಮೂಡಿಗೆರೆ ಕಡೆಯ ಅರೇಬಿಕಾ ಬೆಳೆಗಾರರು

ಉತ್ತರ: ಮೊದಲಿಗೆ ಥ್ಯಾಂಕ್ಸ್. ನಮಗೆ ಬರೋ ಪತ್ರಗಳಲ್ಲಿ ಮುಕ್ಕಾಲು ಪಾಲು ವಾಟ್ಸಾಪಲ್ಲಿ ಬಂದಿದ್ದನ್ನೇ ಕಾಪಿ ಹೊಡೆದು ಕಳಿಸಿರ್ತಾರೆ, ನೀವು ನಿಮ್ಮ ಗಿಡ ನೋಡಿ ಬರೆದಿದ್ದೀರಿ, ಅದಕ್ಕೇ ಇಷ್ಟುದ್ದ ಉತ್ತರ.

ನಿಮ್ಮ ಮಾತಲ್ಲಿ ನಿಜ ಇಲ್ಲ ಅಂತಲ್ಲ. ಜುಲೈ ತಿಂಗಳಲ್ಲಿ ಮೋಡ ಕವಿದು ಕೂತಾಗ ದಟ್ಟ ನೆರಳಿನ ತೋಟದಲ್ಲಿ ಎಲೆಗೆ ಬೆಳಕೇ ಸಾಲಲ್ಲ, ಕೊಳೆ ರೋಗಾನೂ ಅಲ್ಲೇ ಜಾಸ್ತಿ. ಮರಗಸಿ ಅನ್ನೋ ಕೆಲಸ ಇರೋದೇ ಅದಕ್ಕೆ. ಆದ್ರೆ ಮರಗಸಿ ಅಂದ್ರೆ ಕೊಂಬೆ ಸವರೋದು ಸ್ವಾಮಿ, ಬುಡಕ್ಕೆ ಮೆಷಿನ್ ಇಡೋದಲ್ಲ.

ಈಗ ಸೈನ್ಸ್. ಬೆಳಕಿಲ್ದೆ ಎಲೆ ಕೆಲಸ ಮಾಡಲ್ಲ ಅಂತ ಇಂಗನ್‌ಹೌಸ್ ಅನ್ನೋ ವಿಜ್ಞಾನಿ ತೋರ್ಸಿದ್ದು 1779ರಲ್ಲಿ, ನೀವು ಸ್ಕೂಲಲ್ಲಿ ಓದಿದ್ದು ಅದೇ ಪಾಠ. ಅದರ ಮುಂದಿನ ಪಾಠ ಬ್ಲ್ಯಾಕ್‌ಮನ್ ಅನ್ನೋ ಇಂಗ್ಲಿಷಿನವರು 1905ರಲ್ಲಿ ಹೇಳಿದ್ದು: ಬೆಳಕು, ಸೆಕೆ, ಕಾರ್ಬನ್ ಡೈಆಕ್ಸೈಡ್ ಹೀಗೆ ಹಲವು ಸೇರಿ ನಡೆಯೋ ಕೆಲಸದಲ್ಲಿ ಯಾವುದು ಕಮ್ಮಿ ಇದೆಯೋ ಅದರ ಸ್ಪೀಡಿಗೇ ಎಲ್ಲಾ ನಿಲ್ಲುತ್ತೆ, ಉಳಿದಿದ್ದನ್ನ ಎಷ್ಟು ಸುರಿದ್ರೂ ದಂಡ. ಎಲೆಗೆ ಬೀಳೋ ಬೆಳಕನ್ನ ಮೈಕ್ರೋಮೋಲ್ ಅನ್ನೋ ಲೆಕ್ಕದಲ್ಲಿ (ಒಂದು ಚದರ ಮೀಟರಿಗೆ, ಒಂದು ಸೆಕೆಂಡಿಗೆ) ಅಳೀತಾರೆ, ನಡುಮಧ್ಯಾಹ್ನದ ಬಿಸಿಲು 2000ದ ಹತ್ತಿರ ಬರುತ್ತೆ. ಅರೇಬಿಕಾದ ನೆರಳಲ್ಲಿ ಬೆಳೆದ ಎಲೆಗೆ 300ರ ಆಸುಪಾಸಲ್ಲೇ ಹೊಟ್ಟೆ ತುಂಬುತ್ತೆ, ಬಿಸಿಲಲ್ಲೇ ಬೆಳೆದ ಎಲೆ ಅಂದ್ರೂ 600. ಮಿಕ್ಕ ಬೆಳಕೆಲ್ಲ ಎಲ್ಲಿ ಹೋಗುತ್ತೆ ಅಂತೀರಿ? ಎಲೆ ಮೇಲೇ ಬೀಳ್ತಿರುತ್ತೆ, ಬರೀ ಕಾಟ ಕೊಡೋಕೆ.

ಮಾರ್ಚಲ್ಲಿ ಮಧ್ಯಾಹ್ನ ಎರಡು ಗಂಟೆ ಹೊತ್ತಿಗೆ ನಿಮ್ಮ ಮರ ತೆಗೆದ ಪಟ್ಟೆಗೆ ಹೋಗಿ, ಗಿಡದ ಪಡುವಣ ಮಗ್ಗುಲಿನ ಒಂದು ಎಲೆ ಬೆರಳಲ್ಲಿ ಹಿಡಿದು ನೋಡಿ. ಬಿಸಿ ಇರುತ್ತೆ, ದಪ್ಪಗೆ, ಸಣ್ಣಕ್ಕೆ, ಅಂಚು ಕೆಳಕ್ಕೆ ಮಡಚಿಕೊಂಡು ಹಳದಿ ತಿರುಗಿರುತ್ತೆ. ಅದೇ ಗಿಡದ ಒಳಗಡೆ ಎಲೆ ಅಗಲಕ್ಕೆ, ತೆಳ್ಳಗೆ, ಕಡುಹಸಿರು, ಮುಟ್ಟಿದ್ರೆ ತಣ್ಣಗೆ. ಬಿಸಿಲು ಅತಿಯಾದಾಗ ಎಲೆಯೊಳಗಿನ ಹಸಿರು ಕಣಗಳು ಬೆಳಕಿಗೆ ಮೈ ಒಡ್ಡದೆ ಜೀವಕೋಶದ ಪಕ್ಕದ ಗೋಡೆಗೆ ಸರಿದು ನಿಲ್ತವೆ ಅನ್ನೋದನ್ನ ಓದಿದಾಗಿಂದ ನನಗಂತೂ ಎಲೆ ಬಗ್ಗೆ ಗೌರವ ಜಾಸ್ತಿ ಆಗಿದೆ. ಇನ್ನು ಒಣಗಾಳಿ ಬೀಸೋಕೆ ಶುರುವಾದ್ರೆ ಎಲೆ ನೀರು ಉಳಿಸ್ಕೊಳ್ಳೋಕೆ ಉಸಿರಾಡೋ ಸಣ್ಣ ತೂತು, ಅಂದ್ರೆ ತನ್ನ ಪತ್ರರಂಧ್ರ ಮುಚ್ಚಿಕೊಳ್ಳುತ್ತೆ, ಆಗ ಕಾರ್ಬನ್ ಡೈಆಕ್ಸೈಡ್ ಒಳಗೆ ಹೋಗೋದೂ ಬಂದ್ ಆದ ಹಾಗೇ. ಬೆಳಕು ಭರ್ತಿ ಇರೋ ಹೊತ್ತಲ್ಲೇ ಅಡುಗೆ ಮನೆಗೆ ಬೀಗ.

ರಾಗಿ ವಿಷಯ ಎತ್ತಿದ್ದು ಒಳ್ಳೇದಾಯ್ತು. ರಾಗಿ, ಜೋಳ, ಕಬ್ಬು ಇವೆಲ್ಲ ಸಿ4 ಜಾತಿ, ಕಾರ್ಬನ್ ಹಿಡಿದು ಒಳಗೆ ದಟ್ಟವಾಗಿ ಒಟ್ಟು ಮಾಡ್ಕೊಳ್ಳೋ ವ್ಯವಸ್ಥೆ ಅವಕ್ಕಿದೆ, ನೆತ್ತಿ ಸುಡೋ ಬಿಸಿಲಲ್ಲೂ ಅವು ಸಾಕು ಅನ್ನಲ್ಲ. ಕಾಫಿ, ಅಡಿಕೆ, ಭತ್ತ ಸಿ3, ಅಂದ್ರೆ ಆ ವ್ಯವಸ್ಥೆ ಇಲ್ಲದ ಜಾತಿ. ಅದ್ರಲ್ಲೂ ಅರೇಬಿಕಾ ಹುಟ್ಟಿದ್ದೇ ಇಥಿಯೋಪಿಯಾದ ಗುಡ್ಡಕಾಡಲ್ಲಿ, ದೊಡ್ಡ ಮರಗಳ ಕೆಳಗೆ. ನಿಮ್ಮಜ್ಜಿ ಊರಿನ ಹೊಲ ಸರಿ, ನಿಮ್ಮ ತೋಟಾನೂ ಸರಿ, ಎರಡನ್ನೂ ಒಂದೇ ತಕ್ಕಡೀಲಿ ಹಾಕಿದ್ದೇ ತಪ್ಪು.

ಬ್ರೆಜಿಲ್ ಅಂತೂ ನಮ್ಮ ಬೆಳೆಗಾರರ ಬಾಯಲ್ಲಿ ದಿನಾ ಇರೋ ಹೆಸರು. ಒಪ್ತೀನಿ, ಅಲ್ಲಿ ಬಯಲಲ್ಲೇ ಬೆಳೀತಾರೆ, ಇಳುವರೀನೂ ತೆಗೀತಾರೆ. ಆದ್ರೆ ಅಲ್ಲಿನ ಕಾಫಿ ರಾಜ್ಯ ಮಿನಾಸ್ ಜೆರೈಸ್‌ನಲ್ಲಿ ಮಳೆ ಇಲ್ಲದ ತಿಂಗಳು ಹೆಚ್ಚಾಗಿ ಬರೋದು ಚಳಿಗಾಲದಲ್ಲಿ, ನಮ್ಮಲ್ಲಿ ಒಣ ಹವೆ ಮುಗಿಯೋ ಹೊತ್ತಿಗೆ ಬೇಸಿಗೆ ನೆತ್ತಿ ಮೇಲಿರುತ್ತೆ. ಒಣಗೋದು, ಕಾಯೋದು ಎರಡೂ ಒಟ್ಟಿಗೇ. ಜೊತೆಗೆ ಅವರು ಗಿಡಗಳನ್ನ ಬೇಲಿ ಥರ ಒತ್ತೊತ್ತಾಗಿ ನೆಟ್ಟು ಒಂದಕ್ಕೊಂದು ನೆರಳಾಗೋ ಹಾಗೆ ಮಾಡ್ತಾರೆ, ಗೊಬ್ಬರ ಕೈಬಿಚ್ಚಿ ಸುರೀತಾರೆ. ಅಷ್ಟು ಮಾಡಿಯೂ 1975ರ ಜುಲೈನಲ್ಲಿ ಅಲ್ಲಿನದೇ ಪರಾನಾ ರಾಜ್ಯದಲ್ಲಿ ಒಂದು ಹಿಮ ಬಿದ್ದು ತೋಟಕ್ಕೆ ತೋಟ ಕಪ್ಪಾಗಿ ಹೋಯ್ತು, ಅದನ್ನ ಯಾರೂ ಹೇಳಲ್ಲ.

ಇನ್ನು ನಿಮ್ಮ ಹೂವು. ಇಲ್ಲೇ ನನಗೆ ನಿಜಕ್ಕೂ ಗಾಬರಿ ಆಗಿದ್ದು. ಬಿಸಿಲು ಬಿದ್ರೆ ಕಾಫಿ ಗಿಡ ಹೂಮೊಗ್ಗು ಜಾಸ್ತಿ ಕಟ್ಟುತ್ತೆ, ನಿಜ, ಆದ್ರೆ ಅಷ್ಟೂ ಕಾಯಿ ಸಾಕೋಷ್ಟು ಎಲೆ ಅದರ ಹತ್ರ ಇರಬೇಕಲ್ಲ? ಸಾಲ ಎತ್ತಿ ಊರಿಗೆಲ್ಲ ಊಟ ಹಾಕ್ಸಿದ ಹಾಗೆ ಅದು. ಕಾಯಿ ತುಂಬೋ ಹೊತ್ತಿಗೆ ಗಿಡ ತನ್ನ ಬೇರು ರೆಕ್ಕೆಲಿ ಕೂಡಿಟ್ಟಿದ್ದನ್ನೆಲ್ಲ ಎಳೆದು ಕಾಯಿಗೆ ಕೊಟ್ಟು, ಎಲೆ ಉದುರಿಸಿ, ರೆಕ್ಕೆ ತುದಿಯಿಂದ ಒಣಗ್ತಾ ಬರುತ್ತೆ. ಅದನ್ನೇ ಡೈಬ್ಯಾಕ್ ಅನ್ನೋದು. ಕೊಪ್ಪದ ಕಡೆ ನಮ್ಮ ಭಾವ ಒಬ್ರು ಪಡುವಣ ಇಳಿಜಾರಿನ ಸಿಲ್ವರ್ ಓಕ್ ಎಲ್ಲಾ ಮಾರಿ ಮೊದಲ ಕೊಯ್ಲಿಗೆ ಮನೇಲಿ ಹೋಳಿಗೆ ಮಾಡ್ಸಿದ್ರು, ಅದರ ಮುಂದಿನ ವರ್ಷ ಆ ಪಟ್ಟೆಗೆ ಕೊಯ್ಯೋಕೆ ಆಳು ಕಳಿಸೋದೇ ನಷ್ಟ ಅಂತ ಬಿಟ್ರು. ಬಿಳಿ ಕಾಂಡಕೊರಕ ಅನ್ನೋ ಹುಳಕ್ಕೂ ಬಿಸಿಲು ಬೀಳೋ ಅರೇಬಿಕಾ ಕಾಂಡ ಅಂದ್ರೆ ಪಂಚಪ್ರಾಣ, ತೊಗಟೆ ಸಂದೀಲಿ ಮೊಟ್ಟೆ ಇಟ್ಟು ಹೋದ್ರೆ ಗಿಡ ಬಾಡೋ ತನಕ ನಿಮಗೆ ಗೊತ್ತೂ ಆಗಲ್ಲ.

ಕಾರ್ಬನ್ ಡೈಆಕ್ಸೈಡ್ ಲೆಕ್ಕ: 1958ರಲ್ಲಿ ಹವಾಯಿಯ ಮೌನಾ ಲೋವಾದಲ್ಲಿ ಅಳೆಯೋಕೆ ಶುರು ಮಾಡ್ದಾಗ 315 ಪಿಪಿಎಂ (ಗಾಳಿಯ ಹತ್ತು ಲಕ್ಷ ಪಾಲಲ್ಲಿ 315 ಪಾಲು) ಇದ್ದದ್ದು ಈಗ 420 ದಾಟಿದೆ. ಬೇರೆಲ್ಲ ಸರಿ ಇದ್ರೆ ಕಾಫಿಗೆ ಇದ್ರಿಂದ ಲಾಭಾನೇ, ಇಲ್ಲ ಅನ್ನಲ್ಲ. ಆದ್ರೆ ಬೇರೆಲ್ಲ ಸರಿ ಎಲ್ಲಿದೆ? ಅದರ ಜೊತೆಗೇ ಸೆಕೆ ಬಂತು, ಕಾಫಿ ಹೂ ಅರಳಿಸೋ ಹೂಮಳೆ ಹೇಳಿದ ಹೊತ್ತಿಗೆ ಬರಲ್ಲ. ಸೆಕೆ ಏರಿದ ಹಾಗೆ ರುಬಿಸ್ಕೋ ಅನ್ನೋ ಎಂಜೈಮ್ ಕಾರ್ಬನ್ ಬದಲು ಆಕ್ಸಿಜನ್ ಹಿಡಿಯೋದು ಜಾಸ್ತಿ ಆಗಿ ಮಾಡಿದ ಅಡುಗೇಲೂ ಒಂದಷ್ಟು ಪೋಲು. ಭತ್ತ ಗೋಧಿಗೆ ಗಾಳೀಲಿ ಕಾರ್ಬನ್ ಹೆಚ್ಚು ಕೊಟ್ಟು ಬೆಳೆದು ನೋಡಿದ್ರೆ ಕಾಳಲ್ಲಿ ಜಿಂಕ್, ಕಬ್ಬಿಣ, ಪ್ರೋಟೀನ್ ಕಮ್ಮಿ ಆಗಿತ್ತು ಅಂತ 2014ರಲ್ಲೇ ವರದಿ ಬಂದಿದೆ.

ತಪ್ಪು ನಿಮ್ಮದಲ್ಲ ಬಿಡಿ. ನಮ್ಮ ಸ್ಕೂಲುಗಳಲ್ಲಿ ಒಂದು ಸೂರ್ಯ, ಒಂದು ಎಲೆ, ನಾಲ್ಕು ಬಾಣ ಬರೆಸಿ ಐದು ಮಾರ್ಕ್ಸ್ ಕೊಟ್ಟು ಕಳಿಸ್ತಾರೆ. ಜಗದೀಶ್ ಚಂದ್ರ ಬೋಸ್ ಅಂಥವ್ರು ಹೈಡ್ರಿಲ್ಲಾ ಅನ್ನೋ ನೀರಿನ ಗಿಡದಿಂದ ಏಳೋ ಗುಳ್ಳೆ ಲೆಕ್ಕ ಇಡೋಕೇ ಯಂತ್ರ ಕಟ್ಟಿ 1924ರಲ್ಲಿ ಪುಸ್ತಕಾನೇ ಬರೆದ್ರು. ಕೆರೆಯಿಂದ ಒಂದು ಎಳೆ ತಂದು ಗಾಜಿನ ಲೋಟದಲ್ಲಿ ಹಾಕಿ ಬಿಸಿಲಿಗೊಮ್ಮೆ ನೆರಳಿಗೊಮ್ಮೆ ಇಟ್ಟು ಗುಳ್ಳೆ ಎಣಿಸೋಕೆ ಯಾವ ಲ್ಯಾಬ್ ಬೇಕು? ಮಕ್ಕಳಿಗೆ ಅದನ್ನ ಮಾಡಿಸಲ್ಲ. ದೊಡ್ಡವರಾದ ಮೇಲೆ ಗೊಬ್ಬರದ ಅಂಗಡಿಯವ್ರು ಹೇಳಿದ್ದೇ ವೇದ, ಮರದ ವ್ಯಾಪಾರಿ ಹೇಳಿದ್ದೇ ಸೈನ್ಸ್. ಬಾಳೆಹೊನ್ನೂರಲ್ಲಿ 1925ರಿಂದ ಕಾಫಿ ಸಂಶೋಧನೆ ನಡೀತಿದೆ, ನಿಮ್ಮೂರಿಂದ ಬೆಳಿಗ್ಗೆ ಹೊರಟ್ರೆ ಮಧ್ಯಾಹ್ನಕ್ಕೆ ವಾಪಸ್ ಬರಬಹುದು, ಎಷ್ಟು ಜನ ಒಳಗೆ ಕಾಲಿಟ್ಟಿದ್ದೀರಿ ಹೇಳಿ!

ಉಳಿದರ್ಧ ತೆಗೆಸ್ಬೇಡಿ. ಮುಂಗಾರಿಗೆ ಮುಂಚೆ ಕೊಂಬೆ ಸವರಿಸಿ ಸಾಕು, ಪಡುವಣ ಬದಿ ಮರ ಮಾತ್ರ ಮುಟ್ಟಿಸ್ಬೇಡಿ. ತೆಗೆದ ಕಡೆ ಜೂನಲ್ಲಿ ಬೇಗ ನೆರಳು ಕೊಡೋ ಹಾಲುವಾಣ ಮರದ ಗೂಟ ನೆಡಿ, ನಡುನಡುವೆ ಅತ್ತಿ, ಬಸರಿ ಸಸಿ ಇರಲಿ. ಆಮೇಲೆ ಎರಡೂ ಅರ್ಧದ ಕೊಯ್ಲಿನ ಲೆಕ್ಕ ಬೇರೆಬೇರೆ ಬರೆದಿಡಿ, ಮೂರು ಕೊಯ್ಲು ಆದ ಮೇಲೆ ನಮಗೆ ಕಳಿಸಿ. ಮರ ತೆಗೆದ ಕಡೇನೇ ಜಾಸ್ತಿ ಬಂದಿದ್ರೂ ಇದೇ ಪುಟದಲ್ಲಿ ಅಚ್ಚು ಹಾಕ್ತೀವಿ.