ಬರೆದವರು ಕ್ಯಾಮೆರಾ ಮುಂದೆ ಯಾಕೆ ಬರಬೇಕು?

ಪ್ರಿಯ ಓದುಗರೇ,

ನಿಮ್ಮ ಪತ್ರವನ್ನು ಎರಡು ಸಲ ಓದಿದೆ. "ಇತಿಹಾಸವಿರಲಿ, ಕಾಡಿರಲಿ, ಸಾಕ್ಷ್ಯಚಿತ್ರದಲ್ಲಿ ಚಿತ್ರವೇ ಎಲ್ಲ ಹೇಳುತ್ತದೆ ಅಲ್ವಾ? ಅದರ ಮಾತು ಬರೆದವರು ಸುಮ್ನೆ ಮುಖ ತೋರಿಸುವುದು ಯಾಕೆ?" ಎಂದು ಕೇಳಿದ್ದೀರಿ. ಇದೇ ಕೆಲಸ ಮಾಡುತ್ತೇನೆಂದು ಹಟ ಹಿಡಿದಿರುವ ಮಗಳಿಗೆ ಏನು ಹೇಳಲಿ ಎಂದೂ ಕೇಳಿದ್ದೀರಿ.

ಚಿತ್ರ ಸುಳ್ಳನ್ನೂ ಅಷ್ಟೇ ಸಲೀಸಾಗಿ ಹೇಳುತ್ತದೆ. 1958ರಲ್ಲಿ ಬಂದ ಅಮೆರಿಕದ ಒಂದು ವನ್ಯಜೀವಿ ಚಿತ್ರದಲ್ಲಿ ಇಲಿಯಂಥ ಲೆಮಿಂಗ್‌ಗಳು ಬಂಡೆಯ ಅಂಚಿನಿಂದ ಸಾಲಾಗಿ ನೀರಿಗೆ ಬೀಳುತ್ತವೆ. ತಾವೇ ಹಾರಿದವು ಎನ್ನುತ್ತದೆ ಹಿನ್ನೆಲೆ ದನಿ. ಚಿತ್ರಕ್ಕೆ ಆಸ್ಕರ್ ಕೂಡ ಬಂತು. ನಿಜ ಹೊರಬಿದ್ದದ್ದು ಎಷ್ಟೋ ವರ್ಷಗಳ ಮೇಲೆ. ಆ ಪ್ರಾಣಿಗಳನ್ನು ಬೇರೆ ಕಡೆಯಿಂದ ತರಿಸಿ, ಚಿತ್ರತಂಡವೇ ಅಂಚಿನಿಂದ ಕೆಳಕ್ಕೆ ತಳ್ಳಿತ್ತು. ಈಗಲೂ ಲೆಮಿಂಗ್‌ಗಳು ಆತ್ಮಹತ್ಯೆ ಮಾಡಿಕೊಳ್ಳುತ್ತವೆ ಎಂದು ನಂಬಿದವರಿದ್ದಾರೆ. ಮುಖವಿಲ್ಲದ ದನಿಯನ್ನು "ನೀವು ಅಲ್ಲಿದ್ದಿರಾ?" ಎಂದು ಯಾರು ಕೇಳಬೇಕು?

ಇನ್ನು ಜೇಕಬ್ ಬ್ರೊನೊವ್‌ಸ್ಕಿ. ಗಣಿತಜ್ಞರು, ಕವಿ ವಿಲಿಯಂ ಬ್ಲೇಕ್ ಬಗ್ಗೆ ಪುಸ್ತಕ ಬರೆದವರು. 1973ರಲ್ಲಿ ಬಿಬಿಸಿಯಲ್ಲಿ ವಿಜ್ಞಾನದ ಇತಿಹಾಸವನ್ನು 13 ಕಂತುಗಳಲ್ಲಿ ಹೇಳಿದರು. ಒಂದು ಕಂತಿನ ಕೊನೆಗೆ ನಾಜಿಗಳ ಮರಣಶಿಬಿರವಾಗಿದ್ದ ಆಶ್ವಿಟ್ಜ್‌ನ ಕೊಳದ ಹತ್ತಿರ ನಿಂತಿದ್ದಾರೆ. ಸತ್ತವರ ಬೂದಿ ಸುರಿದ ಕೊಳ ಅದು. ಬ್ರೊನೊವ್‌ಸ್ಕಿಯವರ ಬಂಧುಗಳಲ್ಲೇ ಎಷ್ಟೋ ಜನ ಅಲ್ಲೇ ಸತ್ತಿದ್ದರು. ಮಾತಾಡುತ್ತಲೇ ಶೂ ಸಮೇತ ನೀರಿಗಿಳಿಯುತ್ತಾರೆ. ಬಗ್ಗಿ ಒಂದು ಹಿಡಿ ಕೆಸರು ಎತ್ತುತ್ತಾರೆ. ತನಗೆ ಎಲ್ಲ ಗೊತ್ತು ಎಂಬ ಸೊಕ್ಕು ಮನುಷ್ಯನನ್ನು ಎಲ್ಲಿಗೆ ಮುಟ್ಟಿಸುತ್ತದೆ ಎಂದು ಅವರು ಹೇಳುತ್ತಿದ್ದರು. ಆ ಮಾತನ್ನು ತೆರೆಮರೆಯಿಂದ ಹೇಳಿದ್ದರೆ ನನಗೆ ಇಷ್ಟು ನಾಟುತ್ತಿರಲಿಲ್ಲ.

ಅಲ್ಲಿ ಸತ್ತವರೆಂದು ಅವರು ಹೇಳಿದ ಅಂಕಿ 40 ಲಕ್ಷ. ಇಂದಿನ ಇತಿಹಾಸಕಾರರ ಲೆಕ್ಕದಲ್ಲಿ ಅಲ್ಲಿ ಕೊಲೆಯಾದವರು ಸುಮಾರು 11 ಲಕ್ಷ. ಹೇಳಿದವರು ಯಾರು, ಯಾವಾಗ ಹೇಳಿದರು ಎಂಬುದು ಕಣ್ಣೆದುರೇ ಇದೆ. ಹಾಗಾಗಿ ತಿದ್ದಿಕೊಂಡು ನೋಡಬಹುದು.

ಮುಖ ತೋರಿಸುವ ಚಪಲದವರು ಇಲ್ಲ ಎನ್ನುವುದಿಲ್ಲ. ಕೋಟೆಗಿಂತ ತಾವೇ ಜಾಸ್ತಿ ಕಾಣುವಂತೆ ನಿಲ್ಲುತ್ತಾರೆ. ಅವರ ಬಗ್ಗೆ ನಿಮ್ಮ ಸಿಟ್ಟು ನ್ಯಾಯವೇ.

ಮಗಳಿಗೆ ವನ್ಯಜೀವಿ ಚಿತ್ರಗಳ ಬ್ರಿಟಿಷ್ ನಿರೂಪಕ ಡೇವಿಡ್ ಅಟೆನ್‌ಬರೋ ಕಥೆ ಹೇಳಿ. 1978ರಲ್ಲಿ ರುವಾಂಡಾದ ಬೆಟ್ಟದಲ್ಲಿ ಗೊರಿಲ್ಲಾಗಳ ಮಧ್ಯೆ ಕೂತು ಹೆಬ್ಬೆರಳಿನ ಬಗ್ಗೆ ವಿವರಿಸಬೇಕಿತ್ತು. ಮರಿಗಳು ಮೈಮೇಲೆ ಹತ್ತಿ, ಶೂ ಎಳೆಯತೊಡಗಿದವು. ಸಿದ್ಧಮಾಡಿಕೊಂಡಿದ್ದ ಪಾಠವನ್ನು ಅವರು ಕೈಬಿಟ್ಟರು. ಪಿಸುದನಿಯಲ್ಲಿ ನಾಲ್ಕು ಮಾತಾಡಿದರು, ಅಷ್ಟೇ.

ಅವಳು ಮೊದಲು ಒಂದು ಇರುವೆ ಸಾಲನ್ನು ಅರ್ಧ ಗಂಟೆ ನೋಡಲಿ. ಕಂಡದ್ದನ್ನು ಒಂದು ಪುಟ ಬರೆದು, ಗಟ್ಟಿಯಾಗಿ ಓದಲಿ. ಉಸಿರು ಸಾಲದ ಕಡೆ ವಾಕ್ಯ ತುಂಡರಿಸಲಿ. ಚಿತ್ರದಲ್ಲಿ ಹೇಗೂ ಕಾಣುವುದನ್ನೆಲ್ಲ ಹೊಡೆದುಹಾಕಲಿ. ಉಳಿದ ಸಾಲುಗಳನ್ನು ನಮಗೆ ಕಳಿಸಿ, ನಾನು ಓದುತ್ತೇನೆ.

– ಸಂಪಾದಕ