ತುಟಿ ಬಿಚ್ಚುವ ಸದ್ದು

(ಹೆಸರು, ಗುರುತು ಬದಲಿಸಿದೆ.)

ಆಪ್ತಸಮಾಲೋಚನೆಗೆಂದು ನನ್ನ ಕೋಣೆಯ ಒಳಗೆ ಬಂದು ಕೂತವರು ಮೊದಲು ನೋಡಿದ್ದು ನನ್ನನ್ನಲ್ಲ, ಫ್ಯಾನನ್ನು. "ಬೇರಿಂಗ್ ಹೋಗಿದೆ ಮೇಡಂ. ಆಫ್ ಮಾಡ್ಲಾ?"

ಮಧು ಎನ್ನೋಣ. ವಯಸ್ಸು 38, ಬೆಂಗಳೂರಿನಲ್ಲಿ ಡೈಲಾಗ್ ಎಡಿಟರ್. ಸಿಂಕ್ ಸೌಂಡ್, ಅಂದರೆ ಶೂಟಿಂಗ್ ವೇಳೆಯೇ ಮಾತನ್ನು ರೆಕಾರ್ಡ್ ಮಾಡುವ ಸಿನಿಮಾಗಳಲ್ಲಿ ಬೂಮ್ (ಉದ್ದ ಕೋಲಿನ ಮೈಕ್) ಹಿಡಿದು ಶುರು ಮಾಡಿದವರು. ಆಮೇಲೆ ಧಾರಾವಾಹಿ, ಈಗ ವೆಬ್ ಸರಣಿ. ಕಾಲರ್ ಮೈಕಿಗೆ ಸೀರೆ ಉಜ್ಜಿದ್ದು, ಜನರೇಟರಿನ ಗುಂಯ್, ಎರಡು ಪದಗಳ ನಡುವೆ ತುಟಿ ಬಿಚ್ಚಿದ ಚಿಟಕ್, ಎಲ್ಲವನ್ನೂ ಕಿತ್ತು, ಕಿತ್ತಲ್ಲಿಗೆ ಅದೇ ಕೋಣೆಯ ಮೌನದ ತೇಪೆ ಹಾಕುವುದು ಅವರ ಕೆಲಸ. ಆ ಮೌನಕ್ಕೆ 'ರೂಮ್ ಟೋನ್' ಎನ್ನುತ್ತಾರೆ. ಸೆಟ್ಟಿನಲ್ಲಿ ಎಲ್ಲರನ್ನೂ ಸುಮ್ಮನೆ ನಿಲ್ಲಿಸಿ ರೆಕಾರ್ಡ್ ಮಾಡಬೇಕು. "ಲೈಟಿಂಗ್‌ಗೆ ಎರಡು ಗಂಟೆ ಕಾಯ್ತಾರೆ, ನಮಗೆ ಮೂವತ್ತು ಸೆಕೆಂಡ್ ಕೊಡಲ್ಲ."

ಬಂದ ಕಾರಣ ಬೇರೆ. "ಹೆಂಡ್ತಿ ಏನೋ ಹೇಳ್ತಿರ್ತಾಳೆ, ನನಗೆ ತುಟಿ ಸದ್ದು ಮಾತ್ರ ಕೇಳುತ್ತೆ. ಅತ್ತೆ ಆಸ್ಪತ್ರೆ ಸೇರಿದ್ದನ್ನೇ ಎರಡು ಸಲ ಹೇಳಿಸಿಕೊಂಡೆ." ರಾತ್ರಿ ಎಡಗಿವಿಯಲ್ಲಿ ಸಣ್ಣ ಶಿಳ್ಳೆ. ಹಿಂದಿನ ಸರಣಿಯ ದುಡ್ಡು ಬಂದಿಲ್ಲ. ಒಂದು ಕಡೆ ಪಾಠ ಹೇಳಲು ಕರೆದಿದ್ದಾರೆ, ತಿಂಗಳ ಸಂಬಳ. ಈ ಕೆಲಸ ಬಿಟ್ಟುಬಿಡಲೇ?

ನಾನು ಮೊದಲಿಗೆ ಎಡವಿದೆ. ಆತಂಕವಿರಬೇಕೆಂದು ಉಸಿರಾಟದ ಅಭ್ಯಾಸ ಹೇಳಿಕೊಟ್ಟೆ. ಮುಂದಿನ ವಾರ ಬಂದು, "ಈಗ ನನ್ನ ಉಸಿರನ್ನೂ ಎಡಿಟ್ ಮಾಡ್ಬೇಕು ಅನ್ನಿಸ್ತಿದೆ" ಎಂದರು.

ಕೆಲಸದ ತೀರ್ಮಾನ ಆಮೇಲೆ, ಮೊದಲು ಕಿವಿ ತೋರಿಸಿ ಎಂದೆ. ಸಾಮಾನ್ಯ ಶ್ರವಣ ಪರೀಕ್ಷೆ 8,000 ಹರ್ಟ್ಸ್‌ಗೆ ನಿಲ್ಲುತ್ತದೆ. ಅದರ ಮೇಲಿನದನ್ನೂ ಕೇಳಿ ಮಾಡಿಸಿಕೊಳ್ಳಲು ಹೇಳಿದೆ. ವರದಿಯಲ್ಲಿ ಎಡಗಿವಿಗೆ 4,000 ಹರ್ಟ್ಸ್ ಬಳಿ ತಗ್ಗು. ಗದ್ದಲಕ್ಕೆ ಸವೆದ ಕಿವಿಯ ಗುರುತು ಅದು. ದಿನಕ್ಕೆ 85 ಡೆಸಿಬೆಲ್‌ನಲ್ಲಿ 8 ಗಂಟೆ ಮಿತಿ, 3 ಡೆಸಿಬೆಲ್ ಏರಿದರೆ ಅದರರ್ಧ ಎಂಬ ಲೆಕ್ಕ ಅವರಿಗೆ ನನಗಿಂತ ಚೆನ್ನಾಗಿ ಗೊತ್ತಿತ್ತು. ಆದರೂ ಹನ್ನೊಂದು ಗಂಟೆ ಹೆಡ್‌ಫೋನ್! ಇನ್ನು ಚಿಟಕ್ ಹೆಕ್ಕುವಾಗ ಮಾತ್ರ ಹೆಡ್‌ಫೋನ್, ಉಳಿದದ್ದು ಸ್ಪೀಕರಿನಲ್ಲಿ, ಸಣ್ಣಗೆ ಎಂದು ಒಪ್ಪಿಸಿದೆ.

ಮನೆಯ ಮಾತಿಗೆ ಉಪಾಯ ಹೊಳೆದದ್ದು ಅವರ ಹೆಂಡತಿಗೆ. "ಮಾರ್ಕೆಟ್ಟಲ್ಲಿ ನಾನು ಹೇಳಿದ್ದೆಲ್ಲ ಇವರಿಗೆ ಸರಿಯಾಗೇ ಕೇಳುತ್ತೆ." ನಿಜವೇ. ಗದ್ದಲದಲ್ಲಿ ಸಣ್ಣ ಸದ್ದುಗಳು ಮುಳುಗುತ್ತವೆ, ಮಾತು ತೇಲುತ್ತದೆ. ಮುಖ್ಯ ವಿಷಯಗಳನ್ನು ತರಕಾರಿಗೆ ಹೋಗುವ ದಾರಿಯಲ್ಲೇ ಆಡಿಕೊಳ್ಳಿ ಎಂದೆ.

ಪಾಠದ ಕೆಲಸ ವಾರಕ್ಕೆರಡು ದಿನ ಸಿಗುವುದೇ ಕೇಳಿ; ಹೊಸ ಸರಣಿಗೆ ಮುಂಗಡ ಬಂದ ಮೇಲೆಯೇ ಫೈಲ್ ತೆರೆಯಿರಿ, ಅದೂ ಬರಹದಲ್ಲಿರಲಿ ಎಂದು ಹೇಳಿದ್ದೇನೆ. ಬಾಕಿ ಹಣ ಬಂದಿದ್ದರೆ ಬಿಡುವ ಯೋಚನೆ ಅರ್ಧ ಕರಗುತ್ತಿತ್ತೆಂದು ನನಗನ್ನಿಸುತ್ತದೆ.

ಮೊನ್ನೆ ಬಂದಾಗ ಫ್ಯಾನ್ ಆಫ್ ಮಾಡಲು ನಾನೇ ಎದ್ದೆ. "ಇರ್ಲಿ ಬಿಡಿ ಮೇಡಂ" ಎಂದರು, "ಅದಿದ್ರೆ ನಿಮ್ಮ ಮಾತು ಕೇಳುತ್ತೆ."